ಆ ಕೋಣೆ ಕಿರಿದಾದದ್ದು ಬರೀ ಮಾತಿನಿಂದಲ್ಲ

ಮಾನ್ಯರೇ,

‘12 ಆ್ಯಂಗ್ರಿ ಮೆನ್’ (1957) ಚಿತ್ರದ ಬಗ್ಗೆ ನಿರ್ದೇಶಕರು, ವಿಮರ್ಶಕರು ನಡೆಸಿದ ಚರ್ಚೆಯನ್ನು ಪುರವಣಿಯಲ್ಲಿ ಓದಿದೆ. ಕೊಲೆ ಆರೋಪಿಯೊಬ್ಬ ತಪ್ಪಿತಸ್ಥನೋ ಅಲ್ಲವೋ ಎಂದು ಹನ್ನೆರಡು ಜನರ ಜ್ಯೂರಿ (ತೀರ್ಪು ಹೇಳಲು ಕೋರ್ಟು ಆರಿಸಿದ ಸಾಮಾನ್ಯ ನಾಗರಿಕರ ಮಂಡಳಿ) ವಾದಿಸುವ ಕಥೆ ಇದು. ಅದನ್ನು ಬರೆದ ರೆಜಿನಾಲ್ಡ್ ರೋಸ್ ಬರವಣಿಗೆಗೆ ಸಿಕ್ಕ ಮೆಚ್ಚುಗೆ ಸರಿಯೇ. ಆದರೆ ಇದು ‘ಕ್ಯಾಮೆರಾ ಮುಂದೆ ಆಡಿದ ನಾಟಕ’ ಎಂಬ ಮಾತನ್ನು ಒಪ್ಪಲಾಗದು. 96 ನಿಮಿಷಗಳ ಚಿತ್ರದಲ್ಲಿ ಸುಮಾರು ಮೂರು ನಿಮಿಷ ಬಿಟ್ಟರೆ ಉಳಿದದ್ದೆಲ್ಲ ಜ್ಯೂರಿ ಕೋಣೆ ಮತ್ತು ಅದರ ಪಕ್ಕದ ಶೌಚಾಲಯದಲ್ಲೇ ನಡೆಯುತ್ತದೆ. ಹಾಗಿದ್ದೂ ನೋಡುಗನಿಗೆ ಬೇಸರವಾಗದೆ ಉಸಿರು ಕಟ್ಟುವುದು ಹೇಗೆ ಎಂದು ಚರ್ಚೆಯಲ್ಲಿ ಯಾರೂ ಕೇಳಲಿಲ್ಲ.

ನಿರ್ದೇಶಕ ಸಿಡ್ನಿ ಲ್ಯುಮೆಟ್ ಮತ್ತು ಛಾಯಾಗ್ರಾಹಕ ಬೋರಿಸ್ ಕೌಫ್‌ಮನ್ ಚಿತ್ರವನ್ನು ಮೂರು ಪಾಲು ಮಾಡಿಕೊಂಡಿದ್ದರು. ಮೊದಲ ಪಾಲಿನಲ್ಲಿ ಕ್ಯಾಮೆರಾ ಕಣ್ಣಿನ ಮಟ್ಟಕ್ಕಿಂತ ಮೇಲೆ, ಎರಡನೆಯದರಲ್ಲಿ ಕಣ್ಣಿನ ಮಟ್ಟಕ್ಕೆ, ಕೊನೆಯದರಲ್ಲಿ ಅದಕ್ಕಿಂತ ಕೆಳಗೆ. ಹಾಗಾಗಿ ಕೊನೆಕೊನೆಗೆ ಕೋಣೆಯ ಸೂರೂ ಕಾಣತೊಡಗುತ್ತದೆ. ಜೊತೆಗೆ ಲೆನ್ಸ್ 28–40 ಮಿ.ಮೀ.ನಿಂದ 50, 75, 100ಕ್ಕೆ ಏರುತ್ತ ಹೋಗುತ್ತದೆ. ಹೀಗೆ ಮಿ.ಮೀ. ಹೆಚ್ಚಿದ ಉದ್ದ ಲೆನ್ಸಿನಲ್ಲಿ ಹಿಂದಿನ ಗೋಡೆ ಪಾತ್ರದ ಬೆನ್ನಿಗೇ ಬಂದು ನಿಂತಂತೆ ಕಾಣುತ್ತದೆ. ಅನುಕರಿಸುವವರು ಎಡವುವುದು ಇಲ್ಲೇ. ಮೊದಲ ಹತ್ತು ನಿಮಿಷದಲ್ಲೇ ಬಿಗಿಯಾದ ಕ್ಲೋಸಪ್‌ಗಳನ್ನು ಖರ್ಚು ಮಾಡಿದರೆ, ಜಗಳ ಕಾವೇರುವ ಹೊತ್ತಿಗೆ ಕ್ಯಾಮೆರಾ ಇನ್ನೂ ಹತ್ತಿರ ಹೋಗಲು ಜಾಗವೇ ಇರುವುದಿಲ್ಲ.

ಚಿತ್ರೀಕರಣ ಕಥೆಯ ಕ್ರಮದಲ್ಲೂ ನಡೆಯಲಿಲ್ಲ. ಬಜೆಟ್ ಚಿಕ್ಕದು, ದಿಕ್ಕು ಬದಲಿಸಿದಾಗಲೆಲ್ಲ ಲೈಟಿಂಗ್ ಹೊಸದಾಗಿ ಮಾಡಬೇಕು, ಅದಕ್ಕೆ ಸಮಯವೂ ದುಡ್ಡೂ ಬೇಕು. ಆದ್ದರಿಂದ ಒಂದು ಕುರ್ಚಿಗೆ ಲೈಟಿಂಗ್ ಆದರೆ ಆ ಕುರ್ಚಿಯ ಶಾಟ್‌ಗಳನ್ನೆಲ್ಲ ಒಟ್ಟಿಗೆ ಮುಗಿಸುತ್ತಿದ್ದರು. ನಟರಾದ ಹೆನ್ರಿ ಫಾಂಡಾ ಮತ್ತು ಲೀ ಜೆ. ಕಾಬ್ ಎದುರುಬದುರಾಗಿ ವಾದಿಸುವ ದೃಶ್ಯದಲ್ಲಿ ಒಬ್ಬರ ಶಾಟ್‌ಗೂ ಇನ್ನೊಬ್ಬರದಕ್ಕೂ ಸುಮಾರು ವಾರದ ಅಂತರ! ಇಬ್ಬರ ಸಿಟ್ಟಿನ ಮಟ್ಟ ಒಂದಕ್ಕೊಂದು ಹೊಂದದಿದ್ದರೆ ಯಾವ ಸಂಕಲನಕಾರನೂ ಅದನ್ನು ಸರಿಮಾಡಲಾರ. ಅದು ಹೊಂದಿದ್ದು, ಮೊದಲೇ ಎರಡು ವಾರ ತಾಲೀಮು ನಡೆಸಿದ್ದರಿಂದ. ದುಡ್ಡು ಕಡಿಮೆಯಿದೆ ಎಂದು ತಾಲೀಮನ್ನೇ ಕೈಬಿಡುವವರು ಇದನ್ನು ಗಮನಿಸಬೇಕು.

ಈ ಕಥೆ ಹಿಂದಿಯಲ್ಲಿ ಬಾಸು ಚಟರ್ಜಿಯವರ ‘ಏಕ್ ರುಕಾ ಹುವಾ ಫೈಸ್ಲಾ’ (1986) ಆಯಿತು, ಕನ್ನಡದಲ್ಲಿ ‘ದಶಮುಖ’ (2012) ಆಯಿತು. ನಮ್ಮ ಕ್ರಿಮಿನಲ್ ಕೋರ್ಟುಗಳಲ್ಲಿ ಜ್ಯೂರಿ ಪದ್ಧತಿ ಎಂದೋ ಹೋಗಿರುವುದರಿಂದ ಕಥೆಯನ್ನು ಇಲ್ಲಿಗೆ ತರುವುದು ಕಷ್ಟದ ಕೆಲಸ. ಲೆನ್ಸಿನ ಯೋಜನೆಗೆ ಆ ತೊಡಕಿಲ್ಲ. ಒಂದೇ ಮನೆಯೊಳಗೆ, ಒಂದೇ ಬಸ್ಸಿನೊಳಗೆ ನಡೆಯುವ ಯಾವ ಕಥೆಗೂ ಅದು ಒದಗುತ್ತದೆ.

ಮುಂದಿನ ಚರ್ಚೆಗೆ ದಯವಿಟ್ಟು ಒಬ್ಬ ಛಾಯಾಗ್ರಾಹಕರನ್ನೂ ಒಬ್ಬ ಸಂಕಲನಕಾರರನ್ನೂ ಕರೆಯಿರಿ.

– ಓದುಗ, ಶಿವಮೊಗ್ಗ