ಕಾಂಬೋಡಿಯಾ ಎಂದರೆ ಪೋಲ್ ಪಾಟ್ ಒಬ್ಬನೇ ಅಲ್ಲ

ಮಾನ್ಯ ಸಂಪಾದಕರೇ,

ಹೋದ ಭಾನುವಾರದ ಪುರವಣಿಯಲ್ಲಿ ಕಾಂಬೋಡಿಯಾದ ಸಿನಿಮಾ ಬಗ್ಗೆ ಬಂದ ಲೇಖನ ಓದಿದೆ. ಚೆನ್ನಾಗಿತ್ತು. ಆದರೆ ಮೊದಲಿಂದ ಕೊನೆವರೆಗೂ, 1975ರಿಂದ 1979ರವರೆಗೆ ಆ ದೇಶ ಆಳಿದ ಖಮೇರ್ ರೂಜ್ ಪಕ್ಷದ ನಾಯಕ ಪೋಲ್ ಪಾಟನ ಕಾಲದ ಹತ್ಯಾಕಾಂಡದ ಚಿತ್ರಗಳೇ. ಅದಕ್ಕೂ ಮುಂಚೆ ಅಲ್ಲಿನವರು ಸಿನಿಮಾ ಮಾಡಿರಲಿಲ್ವಾ? ನಿರ್ದೇಶಕ ಲಿ ಬುನ್ ಯಿಮ್ ಹೆಸರು ಒಂದು ಸಲವಾದರೂ ಬರಬೇಕಿತ್ತು.

ಅಜ್ಜಿಯರು ಹೇಳುವ ಖಮೇರ್ (ಅಂದರೆ ಕಾಂಬೋಡಿಯಾದ ಜನರ) ಕಥೆಗಳನ್ನೇ ತೆರೆಗೆ ತಂದವರು ಅವರು. 1968ರ ಅವರ ಚಿತ್ರ ಹನ್ನೆರಡು ಅಕ್ಕತಂಗಿಯರದು. ಹನ್ನೆರಡೂ ಜನ ಒಬ್ಬನೇ ರಾಜನ ರಾಣಿಯರಾಗುತ್ತಾರೆ. ಸಾಂಥೋಮಿಯಾ ಎಂಬ ರಾಕ್ಷಸಿ ಹೊಂಚು ಹಾಕಿ ಅವರ ಕಣ್ಣು ಕೀಳಿಸುತ್ತಾಳೆ. ಕಿರಿಯವಳಿಗೆ ಮಾತ್ರ ಒಂದು ಕಣ್ಣು ಉಳಿಯುತ್ತದೆ. ಅವಳ ಮಗ ಪುಥಿಸೇನ್. ಅವನನ್ನೂ ಮುಗಿಸಬೇಕೆಂದು ರಾಕ್ಷಸಿ ಅವನ ಕೈಯಲ್ಲೇ ತನ್ನ ಮಗಳು ಕೊಂಗ್ರೇಗೆ ಪತ್ರ ಕೊಟ್ಟು ಕಳಿಸುತ್ತಾಳೆ: ಇವನು ಬಂದ ಕೂಡಲೇ ಕೊಲ್ಲು. ದಾರಿಯಲ್ಲಿ ಒಬ್ಬ ಋಷಿ ಅದನ್ನು ತಿದ್ದುತ್ತಾನೆ: ಇವನನ್ನು ಮದುವೆಯಾಗು.

ಇದನ್ನು ಕೇಳಿದ ಯಾವ ಯಕ್ಷಗಾನದವನಿಗೆ ಚಂದ್ರಹಾಸ ನೆನಪಾಗುವುದಿಲ್ಲ ಹೇಳಿ! ನಮ್ಮಲ್ಲಿ ಚಂದ್ರಹಾಸನನ್ನು ಕೊಲ್ಲಿಸಲು ಮಂತ್ರಿ ದುಷ್ಟಬುದ್ಧಿ ಬರೆದ ಪತ್ರವನ್ನು ಅವನ ಮಗಳು ವಿಷಯೆಯೇ ತಿದ್ದುತ್ತಾಳೆ, ಅಷ್ಟೇ ವ್ಯತ್ಯಾಸ. ಆಮೇಲಿನದು ಮಾತ್ರ ಬೇರೆ. ಪುಥಿಸೇನ್ ಹೆಂಡತಿಗೆ ಕುಡಿಸಿ, ಅವಳ ಬಳಿ ಇಟ್ಟಿದ್ದ ತಾಯಂದಿರ ಕಣ್ಣುಗಳನ್ನು ಎತ್ತಿಕೊಂಡು ಓಡುತ್ತಾನೆ. ಕೊಂಗ್ರೇ ಅತ್ತು ಅತ್ತು ಸಾಯುತ್ತಾಳೆ. ತಾಳಮದ್ದಲೆಯಲ್ಲಿ ಚಂದ್ರಹಾಸನ ಪಾತ್ರದ ಮಾತು, ಅಂದರೆ ಅರ್ಥ, ನಾನು ಎಷ್ಟೋ ಸಲ ಹೇಳಿದ್ದೇನೆ. ಈ ಪುಥಿಸೇನನ ಪರವಾಗಿ ವಾದ ಮಾಡು ಅಂದರೆ ನನ್ನ ಬಾಯಿ ಕಟ್ಟಿಹೋಗುತ್ತದೆ.

ಖಮೇರರಿಗೆ ಇದು ಸುಮ್ನೆ ಕಥೆಯಲ್ಲ. ಕಂಪೋಂಗ್ ಛ್ನಾಂಗ್‌ನಲ್ಲಿ ಹೊಳೆಯಾಚೆ ಒಂದು ಗುಡ್ಡವಿದೆ. ಮಲಗಿದ ಹೆಂಗಸಿನ ಹಾಗೆ ಕಾಣುತ್ತದೆ. ಅದೇ ಕೊಂಗ್ರೇ ಅನ್ನುತ್ತಾರೆ. ಊರೂರಲ್ಲೂ ಮರದ ಬುಡದಲ್ಲಿ ‘ನೀಕ್ ತಾ’ ಎಂಬ ಊರು ಕಾಯುವ ದೈವಕ್ಕೆ ಗುಡಿಯಿರುತ್ತದೆ. ಖಮೇರ್ ರೂಜ್ ಆಡಳಿತ ಮುಗಿದ ಮೇಲೆ, 1980ರಲ್ಲಿ ತಯಾರಾದ ಮೊದಲ ಚಿತ್ರವೂ ರಾತ್ರಿ ಹೊತ್ತು ಬರೀ ತಲೆ, ಕರುಳು ಇಟ್ಟುಕೊಂಡು ಹಾರುವ ‘ಆಪ್’ ಎಂಬ ದೆವ್ವದ್ದೇ. ಅಷ್ಟು ಸಾವು ಕಂಡ ಜನ ದೆವ್ವದ ಚಿತ್ರ ನೋಡಲು ಹೋದರಲ್ಲ, ಅದರ ಬಗ್ಗೆಯೇ ಒಂದು ಲೇಖನ ಬರೆಯಬಹುದಿತ್ತು.

1960ರಿಂದ 1975ರವರೆಗೆ ಅಲ್ಲಿ ಸುಮಾರು 400 ಚಿತ್ರಗಳು ಬಂದಿದ್ದವು. ಉಳಿದದ್ದು ಮೂವತ್ತರ ಆಸುಪಾಸು. ಪಾಪ, ಅವರಿಗೆ ಪೋಲ್ ಪಾಟ್ ಇದ್ದ. ನಮ್ಮ ಮೊದಲ ಟಾಕಿ, 1934ರ ‘ಸತಿ ಸುಲೋಚನಾ’ದ ಒಂದು ಪ್ರಿಂಟೂ ಉಳಿದಿಲ್ಲ. ನಮಗೆ ಯಾರಿದ್ದರು?

ಲಿ ಬುನ್ ಯಿಮ್ ಅವರ ಆ ಚಿತ್ರ ಉಳಿದಿದೆ. 2012ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲೂ ತೋರಿಸಿದ್ದಾರೆ. ಬೆಂಗಳೂರಿನ ಚಿತ್ರೋತ್ಸವದವರು ತರಿಸಲಿ. ನಮ್ಮ ಕಡೆಯಿಂದ ಒಂದು ಬಸ್ ಜನ ಬರುತ್ತೇವೆ. ಸಬ್‌ಟೈಟಲ್ ಇಲ್ಲದಿದ್ದರೂ ಪರವಾಗಿಲ್ಲ, ಪತ್ರ ತಿದ್ದುವ ದೃಶ್ಯ ಬಂದರೆ ಮುಂದಿನದು ನಮಗೆ ಗೊತ್ತಾಗುತ್ತದೆ.

– ಹವ್ಯಾಸಿ ತಾಳಮದ್ದಲೆ ಅರ್ಥಧಾರಿ, ಕುಂದಾಪುರ