ಕ್ಯಾಚರ್ ಒಬ್ಬ ಮೈಕಿನ ಮುಂದೆ ಕುಳಿತಾಗ

ಪ್ರಿಯ ಗೆಳೆಯಾ,

ಜಿಲ್ಲಾ ಟೂರ್ನಿಯ ವೀಕ್ಷಕ ವಿವರಣೆಗೆ ನಿನ್ನನ್ನು ಕರೆದಿದ್ದಾರೆಂದೂ, ಇಷ್ಟು ವರ್ಷ ವಿಕೆಟ್ ಹಿಂದೆ ನಿಂತವನಿಗೆ ಮೈಕಿನ ಮುಂದೆ ಕೂರಲು ಅಳುಕಾಗುತ್ತಿದೆಯೆಂದೂ ನೀನು ಬರೆದದ್ದನ್ನು ಓದಿದಾಗ ನನಗೆ ನೆನಪಾದವರು ಅಮೆರಿಕದ ಬೇಸ್‌ಬಾಲ್ ಆಟಗಾರ ಟಿಮ್ ಮೆಕಾರ್ವರ್.

ಅವರು ಕ್ಯಾಚರ್, ಅಂದರೆ ಹೆಚ್ಚುಕಡಿಮೆ ನಿನ್ನದೇ ಕೆಲಸದವರು. ಬೇಸ್‌ಬಾಲಿನಲ್ಲಿ ಅಂಗಳದ ಉಳಿದ ಎಂಟು ಮಂದಿಯೂ ಬ್ಯಾಟರ್‌ನ ಕಡೆಗೆ ಮುಖ ಮಾಡಿ ನಿಂತಿದ್ದರೆ, ಕ್ಯಾಚರ್ ಒಬ್ಬನೇ ಅವನ ಬೆನ್ನ ಹಿಂದೆ ಕುಕ್ಕರಗಾಲಿನಲ್ಲಿ ಕುಳಿತು ಇಡೀ ಅಂಗಳವನ್ನು ನೋಡುತ್ತಿರುತ್ತಾನೆ, ಮುಂದಿನ ಎಸೆತ ಯಾವುದಿರಬೇಕೆಂದು ಬೆರಳ ಸನ್ನೆಯಲ್ಲಿ ಚೆಂಡೆಸೆಯುವ ಪಿಚರ್‌ಗೆ ಸೂಚಿಸುತ್ತಾನೆ. 1959ರಲ್ಲಿ ಹದಿನೇಳರ ಹುಡುಗನಾಗಿ ಸೇಂಟ್ ಲೂಯಿಸ್ ಕಾರ್ಡಿನಲ್ಸ್ ತಂಡ ಸೇರಿದ ಮೆಕಾರ್ವರ್, ಬಾಬ್ ಗಿಬ್ಸನ್ ಮತ್ತು ಸ್ಟೀವ್ ಕಾರ್ಲ್‌ಟನ್‌ರಂಥ ಪಿಚರ್‌ಗಳ ಎಸೆತ ಹಿಡಿದವರು. 1964 ಮತ್ತು 1967ರಲ್ಲಿ ವರ್ಲ್ಡ್ ಸೀರೀಸ್, ಅಂದರೆ ಅಲ್ಲಿನ ಬೇಸ್‌ಬಾಲಿನ ವರ್ಷದ ಅಂತಿಮ ಸರಣಿ, ಗೆದ್ದ ತಂಡದಲ್ಲಿದ್ದವರು. 1980ರಲ್ಲಿ ಫಿಲಡೆಲ್ಫಿಯಾದಲ್ಲಿ ವಿವರಣೆಗೆ ಕುಳಿತ ಮೇಲೂ ಅದೇ ಸೆಪ್ಟೆಂಬರಿನಲ್ಲಿ ಮತ್ತೆ ಸಮವಸ್ತ್ರ ತೊಟ್ಟು ಆರು ಪಂದ್ಯಗಳಲ್ಲಿ ಆಡಿದರು.

ಅವರ ವಿವರಣೆಯ ಹೆಚ್ಚುಗಾರಿಕೆ ನನಗೆ ಪೂರ್ತಿ ಅರ್ಥವಾದದ್ದು 2001ರ ವರ್ಲ್ಡ್ ಸೀರೀಸಿನ ಏಳನೆಯ ಪಂದ್ಯದಲ್ಲಿ. ಅರಿಜೋನಾ ಮತ್ತು ನ್ಯೂಯಾರ್ಕ್ ಯಾಂಕೀಸ್ ಆ ಪಂದ್ಯದಲ್ಲಿ 2-2 ರನ್‌ಗಳಿಂದ ಸಮವಾಗಿದ್ದವು. ಕೊನೆಯ ಇನ್ನಿಂಗ್ಸ್, ಮೂರೂ ಬೇಸ್‌ಗಳಲ್ಲಿ ಅರಿಜೋನಾದ ಓಟಗಾರರು, ಯಾಂಕೀಸ್ ಪರ ಎಸೆಯುತ್ತಿದ್ದವರು ಮರಿಯಾನೊ ರಿವೇರಾ. ಒಂದು ರನ್ನೂ ಬಿಡಬಾರದೆಂದು ಯಾಂಕೀಸ್ ಬೇಸ್‌ಗಳ ಬಳಿ ನಿಲ್ಲುವ ತನ್ನ ಇನ್‌ಫೀಲ್ಡರ್‌ಗಳನ್ನು ಬ್ಯಾಟರ್‌ನ ಕಡೆಗೆ ಮುಂದಕ್ಕೆ ಕರೆದಿತ್ತು. ರಿವೇರಾರ ಚೆಂಡು ಎಡಗೈ ಬ್ಯಾಟರ್‌ಗಳ ಒಳಕ್ಕೆ ನುಗ್ಗುವುದರಿಂದ ಅವರ ಬ್ಯಾಟು ಮುರಿದು ಚೆಂಡು ಇನ್‌ಫೀಲ್ಡರ್‌ಗಳ ಹಿಂದಿರುವ ಔಟ್‌ಫೀಲ್ಡಿನ ಹತ್ತಿರದ ಭಾಗದಲ್ಲಿ ಬೀಳುವುದುಂಟು, ಇಂಥ ಪಿಚರ್ ಇರುವಾಗ ಇನ್‌ಫೀಲ್ಡರ್‌ಗಳನ್ನು ಮುಂದೆ ತರುವುದರ ಅಪಾಯವೇ ಅದು ಎಂದು ಮೆಕಾರ್ವರ್ ಹೇಳಿದರು. ಮುಂದಿನ ಎಸೆತಕ್ಕೆ ಎಡಗೈ ಆಟಗಾರ ಲೂಯಿಸ್ ಗೊನ್ಸಾಲೆಸ್ ಹೊಡೆದ ಚೆಂಡು ಯಾಂಕೀಸ್ ಇನ್‌ಫೀಲ್ಡರ್ ಡೆರೆಕ್ ಜೀಟರ್ ತಲೆಯ ಮೇಲಿಂದ ಹಾರಿ ಸರಿಯಾಗಿ ಅಲ್ಲಿಯೇ ಬಿತ್ತು, ಸೀರೀಸ್ ಅರಿಜೋನಾದ್ದಾಯಿತು. ಆದ ಮೇಲೆ ಕಾರಣ ಹೇಳುವವರು ಬಹಳ ಮಂದಿ ಇದ್ದಾರೆ. ಆಗುವ ಮೊದಲೇ ಹೇಳಲು ಆ ಜಾಗದಲ್ಲಿ ಕುಳಿತ ಮೊಣಕಾಲುಗಳ ಅನುಭವ ಬೇಕು ಎಂದೇ ನಾನು ನಂಬಿದ್ದೇನೆ.

ನೇರವಾಗಿ ಮಾತಾಡಿದ್ದಕ್ಕೆ ಅವರು ಬೆಲೆಯನ್ನೂ ತೆತ್ತರು. 1992ರಲ್ಲಿ ಒಂದೇ ದಿನ ಅಮೆರಿಕನ್ ಫುಟ್‌ಬಾಲ್ ಪಂದ್ಯವಾಡಿ ಬೇಸ್‌ಬಾಲ್ ತಂಡಕ್ಕೂ ಹಾರಿಬಂದ ಡಿಯಾನ್ ಸ್ಯಾಂಡರ್ಸ್‌ರನ್ನು ಟೀಕಿಸಿದ್ದರಿಂದ, ತಂಡದ ಗೆಲುವಿನ ಸಂಭ್ರಮದಲ್ಲಿ ಸ್ಯಾಂಡರ್ಸ್ ಮೆಕಾರ್ವರ್‌ರ ಮೈಮೇಲೆ ಮತ್ತೆಮತ್ತೆ ತಣ್ಣೀರು ಸುರಿದರು. ತಾನೂ ಆಡಿದವನೆಂಬ ಕಾರಣಕ್ಕೆ ಆಟಗಾರರ ತಪ್ಪನ್ನು ಮುಚ್ಚಿಡದ ಈ ಗುಣ ನನಗೆ ಬಹಳ ದೊಡ್ಡದಾಗಿ ಕಾಣುತ್ತದೆ. 2013ರವರೆಗೆ ಅವರು 24 ವರ್ಲ್ಡ್ ಸೀರೀಸ್‌ಗಳಿಗೆ ದನಿಯಾದರು. 2023ರ ಫೆಬ್ರವರಿಯಲ್ಲಿ ತಮ್ಮ ಹುಟ್ಟೂರು ಮೆಂಫಿಸ್‌ನಲ್ಲಿ ತೀರಿಕೊಂಡರು.

ನೀನು ಖಂಡಿತ ಒಪ್ಪಿಕೋ. ಮೊದಲ ಪಂದ್ಯದ ಧ್ವನಿಮುದ್ರಿಕೆಯನ್ನು ಮರೆಯದೆ ಕಳುಹಿಸು; ಮಧ್ಯಮ ವೇಗಿಯ ಎಸೆತಕ್ಕೆ ಕೀಪರ್ ಸ್ಟಂಪಿನ ಹತ್ತಿರಕ್ಕೆ ಬಂದು ನಿಂತಾಗ ನೀನು ಏನು ಹೇಳುತ್ತೀಯೆಂದು ಕೇಳಬೇಕಾಗಿದೆ.

ಇಂತಿ,
ನಿನ್ನ ಗೆಳೆಯ