ಡಿಜ್ಮಾ ಚಾಣಾಕ್ಷನೇನಲ್ಲ

ಮಾನ್ಯ ಸಂಪಾದಕರೇ,

ರಾಜಕೀಯ ವಿಡಂಬನೆಯ ಸಿನಿಮಾಗಳ ಕುರಿತು ನಿಮ್ಮ ಭಾನುವಾರದ ಪುರವಣಿಯಲ್ಲಿ ಬಂದ ಲೇಖನ ಓದಿದೆ. ಪೋಲೆಂಡಿನ ಕಾದಂಬರಿಯೊಂದರ ನಾಯಕ ನಿಕೋದೆಮ್ ಡಿಜ್ಮಾನನ್ನು ಅದರಲ್ಲಿ ಇಡೀ ಸರ್ಕಾರಕ್ಕೇ ಟೋಪಿ ಹಾಕಿದ ಚಾಣಾಕ್ಷ ಎಂದು ಬಣ್ಣಿಸಲಾಗಿದೆ. ಟೋಪಿ ಹಾಕುವಷ್ಟು ಬುದ್ಧಿ ಅವನಿಗೆಲ್ಲಿತ್ತು?

ಸಣ್ಣ ಊರಿನ ಅಂಚೆ ಗುಮಾಸ್ತ, ಕೆಲಸ ಹುಡುಕಿಕೊಂಡು ವಾರ್ಸಾಕ್ಕೆ ಬಂದವನು. ಯಾರೋ ಕಳೆದುಕೊಂಡ ಔತಣಕೂಟದ ಆಹ್ವಾನಪತ್ರ ಕೈಗೆ ಸಿಗುತ್ತದೆ. ಪುಕ್ಕಟೆ ಊಟವಾದೀತೆಂದು ಹೋಗುತ್ತಾನೆ. ತಟ್ಟೆಗೆ ಬಡಿಸಿಕೊಂಡು ಇನ್ನೇನು ಬಾಯಿಗಿಡಬೇಕು, ದೊಡ್ಡ ಅಧಿಕಾರಿಯೊಬ್ಬ ತಾಗಿ ಎಲ್ಲ ನೆಲದ ಪಾಲು. ಹಸಿದವನ ಸಿಟ್ಟು, ಮುಖಮೂತಿ ನೋಡದೆ ಬೈದುಬಿಡುತ್ತಾನೆ. ಆ ಅಧಿಕಾರಿಯನ್ನು ಕಂಡರಾಗದ ಮಂತ್ರಿ, ಕರ್ನಲ್ ಬಂದು ಕೈಕುಲುಕುತ್ತಾರೆ! ಅಲ್ಲಿಂದಾಚೆ ಅವನ ಮೌನ ಗಾಂಭೀರ್ಯವಾಗುತ್ತದೆ, ಒರಟುತನ ನಿಷ್ಠುರತೆಯಾಗುತ್ತದೆ. ಮಂತ್ರಿಯ ಸ್ನೇಹಿತನೆಂದುಕೊಂಡೇ ಜಮೀನ್ದಾರ ಕುನಿತ್ಸ್ಕಿ ಅವನಿಗೆ ತನ್ನ ಎಸ್ಟೇಟಿನ ಉಸ್ತುವಾರಿ ಕೊಡುವುದು. ಧಾನ್ಯ ಬ್ಯಾಂಕಿನ ಯೋಜನೆಯೂ ಕುನಿತ್ಸ್ಕಿಯ ತಲೆಯಿಂದ ಬಂದದ್ದೇ. ಮಂತ್ರಿಯೆದುರು ಅದನ್ನು ಒಪ್ಪಿಸಿದ್ದಕ್ಕೆ ಬ್ಯಾಂಕಿನ ಅಧ್ಯಕ್ಷಗಿರಿ ಮಾತ್ರ ಡಿಜ್ಮಾನಿಗೆ. ಎತ್ತು ಈಯಿತೆಂದರೆ ಕೊಟ್ಟಿಗೆಗೆ ಕಟ್ಟು ಎನ್ನುವವರಿರುತ್ತಾರೆ. ಇಲ್ಲಿಯವರು ಇವನು ಬಾಯಿ ಬಿಡುವ ಮೊದಲೇ ಹಗ್ಗ ಹಿಡಿದು ನಿಂತಿದ್ದರು. (ಅಧಿಕಾರದ ರುಚಿ ಹತ್ತಿದ ಮೇಲೆ ಡಿಜ್ಮಾ ಕ್ರೂರಿಯೂ ಆಗುತ್ತಾನೆ, ಅದು ಬೇರೆ ಮಾತು.)

ಇದನ್ನು 1932ರಲ್ಲಿ ಕಾದಂಬರಿಯಾಗಿ ಬರೆದ ತಾದೇವುಷ್ ದೊವೆಂಗಾ-ಮೊಸ್ತೊವಿಚ್ ಪತ್ರಕರ್ತ. ಆಗ ಪೋಲೆಂಡನ್ನು ಆಳುತ್ತಿದ್ದ ಪಿಲ್ಸುದ್ಸ್ಕಿಯ ಆಡಳಿತವನ್ನು ಟೀಕಿಸಿ ಬರೆಯುತ್ತಿದ್ದ ಅವರನ್ನು 1927ರಲ್ಲಿ ಎತ್ತಿಕೊಂಡು ಹೋಗಿ ಬಡಿದು ಎಸೆಯಲಾಗಿತ್ತು. ಕಾದಂಬರಿ ಗುರಿಯಿಟ್ಟದ್ದು ಯಾರಿಗೆ ಎಂಬುದರಲ್ಲಿ ಅನುಮಾನವೇ ಬೇಡ. ಕಮ್ಯುನಿಸ್ಟರ ಕಾಲದಲ್ಲಿ, 1956ರಲ್ಲಿ ಅದು ಸಿನಿಮಾ ಆಯಿತು. 1980ರಲ್ಲಿ ರೋಮನ್ ವಿಲ್ಹೆಲ್ಮಿ ನಟಿಸಿದ ಟಿವಿ ಧಾರಾವಾಹಿ. ಚುನಾವಣೆಯ ಪ್ರಜಾಪ್ರಭುತ್ವ ಬಂದ ಮೇಲೆ, 2002ರಲ್ಲಿ, ಯಾಚೆಕ್ ಬ್ರೊಮ್ಸ್ಕಿ ಡಿಜ್ಮಾನನ್ನು ಹೊಸ ಕಾಲಕ್ಕೆ ತಂದು ಹಾಸ್ಯಚಿತ್ರ ಮಾಡಿದರು. ಆಳುವವರು ಬದಲಾದರೂ ಡಿಜ್ಮಾನಿಗೆ ಕುರ್ಚಿ ಹಾಕುವವರಿಗೇನೂ ಕೊರತೆಯಾಗಲಿಲ್ಲ. ನನ್ನ ಮಟ್ಟಿಗೆ ಇವುಗಳಲ್ಲಿ ವಿಲ್ಹೆಲ್ಮಿಯೇ ಮೇಲು: ಕಕ್ಕಾಬಿಕ್ಕಿಯಾದಾಗಲೂ ದರ್ಪ ಬಿಡದ ಮುಖ.

ಕಾದಂಬರಿಯ ಕೊನೆಯಲ್ಲಿ ಡಿಜ್ಮಾನಿಗೆ ಪ್ರಧಾನಿ ಪಟ್ಟದ ಕರೆಯೇ ಬರುತ್ತದೆ. ಇವನೊಬ್ಬ ದಡ್ಡ, ಹೊತ್ತು ಮೆರೆಸಿದವರು ನೀವೇ ಎಂದು ನೆರೆದವರೆದುರು ಹೇಳುವುದು ಒಬ್ಬನೇ, ಎಲ್ಲರೂ ಹುಚ್ಚನೆಂದು ಬದಿಗಿಟ್ಟ ಕೌಂಟ್ ಪೊನಿಮಿರ್ಸ್ಕಿ. ಅವನ ಮಾತನ್ನು ಯಾರೂ ಕಿವಿಗೆ ಹಾಕಿಕೊಳ್ಳುವುದಿಲ್ಲ. ನಿಮ್ಮ ಲೇಖಕರೂ ಅವನ ಬಗ್ಗೆ ಒಂದು ಸಾಲು ಬರೆದಿಲ್ಲ.

– ಚಿತ್ರಸಮಾಜದ ಹಳೆಯ ಸದಸ್ಯ, ಮೈಸೂರು